ನಮ್ಮ ಸಭೆ, ಡಯಾಸಿಸ್, ಸಿನೊಡ್: ಕಾಸರಗೋಡಿನವರು ಪದೇ ಪದೇ ಕೇಳುವ ಪ್ರಶ್ನೆಗಳು

ಭಾನುವಾರದ ಆರಾಧನೆ ಮುಗಿದ ಮೇಲೆ ಹೊರಗಿನ ಮರದ ನೆರಳಿನಲ್ಲಿ ನಿಂತು ಮಾತಾಡುವುದು ನಮ್ಮಲ್ಲಿ ರೂಢಿ. ಬಿಷಪರ ಆಯ್ಕೆ, ಅಯ್ಯನವರ (ಸಭಾಪಾಲಕರ, ಅಂದರೆ ಪಾಸ್ಟರರ) ವರ್ಗಾವಣೆ, ಜಾಗದ ತಕರಾರು, ಎಲ್ಲವೂ ಅಲ್ಲೇ ಬರುತ್ತವೆ. ಕೊನೆಗೆ ಯಾರಾದರೂ, "ಅದೆಲ್ಲ ಸಿನೊಡ್‌ನವರು ನೋಡಿಕೊಳ್ಳುತ್ತಾರೆ ಬಿಡಿ" ಅನ್ನುತ್ತಾರೆ. ಮಾತು ಅಲ್ಲಿಗೆ ನಿಂತುಬಿಡುತ್ತದೆ. ನಾನು ಹಲವು ವರ್ಷ ಪಾಸ್ಟರೇಟ್ ಕಮಿಟಿಯಲ್ಲಿ ಕೆಲಸ ಮಾಡಿದವನು. ಸಿನೊಡ್‌ನವರು ಅಂದರೆ ಬೇರೆ ಯಾರೋ ಅಲ್ಲ, ನಾವು ಕೈ ಎತ್ತಿ ಕಳಿಸಿದವರೇ ಅಂತ ನಮ್ಮವರಿಗೆ ಗೊತ್ತಾಗಬೇಕು ಅನ್ನುವ ಆಸೆ ನನಗೆ ಬಹಳ. ಅದಕ್ಕೇ ನನ್ನನ್ನು ಜನ ಕೇಳಿದ ಪ್ರಶ್ನೆಗಳನ್ನು ಇಲ್ಲಿ ಒಟ್ಟು ಮಾಡಿದ್ದೇನೆ. ಇಲ್ಲಿ ಹೇಳುವುದು ಸಿ.ಎಸ್.ಐ., ಅಂದರೆ ದಕ್ಷಿಣ ಭಾರತ ಸಭೆಯ ವಿಷಯ.

ಸಿನೊಡ್ ಅಂದರೆ ಏನು?

ಇಡೀ ಸಿ.ಎಸ್.ಐ.ಯನ್ನು ನಡೆಸುವ ಅತಿ ದೊಡ್ಡ ಆಡಳಿತ ಕೂಟ ಅದು. ನಂಬಿಕೆ, ಆರಾಧನಾ ಕ್ರಮ, ಸಭಾಪಾಲಕರ ಸೇವೆ, ಸಂವಿಧಾನ, ಡಯಾಸಿಸ್‌ಗಳನ್ನು (ಒಬ್ಬ ಬಿಷಪರ ಕೆಳಗಿರುವ ಸಭೆಗಳ ಪ್ರಾಂತ್ಯಗಳನ್ನು) ಒಡೆಯುವುದು ಅಥವಾ ಹೊಸದು ಮಾಡುವುದು, ಇಂಥ ವಿಷಯಗಳಲ್ಲಿ ಕೊನೆಯ ಮಾತು ಸಿನೊಡ್‌ನದ್ದು. ಮೊದಲು ಎರಡು ವರ್ಷಕ್ಕೊಮ್ಮೆ ಸೇರುತ್ತಿತ್ತು, ಈಗ ಮೂರು ವರ್ಷಕ್ಕೊಮ್ಮೆ. ನಡುವಿನ ದಿನಗಳ ಕೆಲಸಕ್ಕೆ ಕಾರ್ಯಕಾರಿ ಸಮಿತಿ ಇದೆ. ಕಚೇರಿ ಚೆನ್ನೈಯ ರಾಯಪೇಟೆಯಲ್ಲಿ, ವೈಟ್ಸ್ ರೋಡಿನಲ್ಲಿದೆ.

ಎಲ್ಲ ಡಯಾಸಿಸ್‌ಗಳ ಬಿಷಪರು ಸಿನೊಡ್‌ನಲ್ಲಿ ಇರುತ್ತಾರೆ. ಅವರ ಜೊತೆಗೆ ಪ್ರತಿ ಡಯಾಸಿಸ್‌ನಿಂದ ಆರಿಸಿ ಬಂದ ಸಭಾಪಾಲಕರು ಮತ್ತು ಸಾಮಾನ್ಯ ಸದಸ್ಯರು ಕೂರುತ್ತಾರೆ. ಅಂಗಡಿ ಇಟ್ಟವರು, ಟೀಚರು, ನರ್ಸು, ತೋಟ ನೋಡಿಕೊಳ್ಳುವವರು, ಯಾರು ಬೇಕಾದರೂ ಆ ಕುರ್ಚಿಗೆ ಬರಬಹುದು. ಬಿಷಪರ ವೋಟು ಒಂದು, ಅವರ ವೋಟೂ ಒಂದು.

ನಮ್ಮೂರಿನ ಸಭೆಯಿಂದ ಅಲ್ಲಿಯವರೆಗೆ ದಾರಿ ಹೇಗೆ?

ಮೂರು ಮೆಟ್ಟಿಲು. ಮೊದಲನೆಯದು ಪಾಸ್ಟರೇಟ್. ಒಬ್ಬ ಸಭಾಪಾಲಕರ ಕೆಳಗೆ ಒಂದೋ ನಾಲ್ಕೋ ಸಭೆಗಳು ಇರಬಹುದು. ಅಲ್ಲಿಯ ಮಹಾಸಭೆಯಲ್ಲಿ ಕಮಿಟಿಯನ್ನು ಆರಿಸುತ್ತೇವೆ, ಡಯಾಸಿಸ್ ಕೌನ್ಸಿಲ್‌ಗೆ ಪ್ರತಿನಿಧಿಗಳನ್ನೂ ಕಳಿಸುತ್ತೇವೆ. ಎರಡನೆಯದು ಡಯಾಸಿಸ್ ಕೌನ್ಸಿಲ್. ಬಿಷಪರು ಅದರ ಅಧ್ಯಕ್ಷರು. ಆ ಕೌನ್ಸಿಲ್ ತನ್ನೊಳಗಿನಿಂದ ಸಿನೊಡ್‌ಗೆ ಪ್ರತಿನಿಧಿಗಳನ್ನು ಆರಿಸುತ್ತದೆ. ಮೂರನೆಯದೇ ಸಿನೊಡ್.

ಎಷ್ಟು ಜನ, ಎಷ್ಟು ವರ್ಷಕ್ಕೆ, ಎಷ್ಟು ವಯಸ್ಸಾಗಿರಬೇಕು ಅನ್ನುವುದು ಡಯಾಸಿಸ್‌ನಿಂದ ಡಯಾಸಿಸ್‌ಗೆ ಬೇರೆ. ನಿಮ್ಮ ಡಯಾಸಿಸ್‌ನ ನಿಯಮದ ಪುಸ್ತಕ ಪಾಸ್ಟರೇಟ್ ಆಫೀಸಿನಲ್ಲಿ ಇರಬೇಕು. ಕೇಳಿ ನೋಡಿ.

ಈ ಮೂರರಲ್ಲಿ ನಮ್ಮ ಕೈಗೆ ನೇರ ಸಿಗುವುದು ಮೊದಲನೇ ಮೆಟ್ಟಿಲು ಮಾತ್ರ. ಅದಕ್ಕೇ ಪಾಸ್ಟರೇಟ್ ಮಹಾಸಭೆಯ ದಿನ ಆರಾಧನೆ ಮುಗಿದ ಕೂಡಲೇ ಗೇಟಿನ ಕಡೆ ಹೋಗುವವರನ್ನು ನೋಡಿದರೆ ನನಗೆ ಬೇಸರವಾಗುತ್ತದೆ.

ಇಂಥ ಪದ್ಧತಿ ಎಲ್ಲಿಂದ ಬಂತು?

ಇದಕ್ಕೆ ಸ್ವಲ್ಪ ಉದ್ದದ ಉತ್ತರ ಬೇಕು. ಸಿ.ಎಸ್.ಐ. ಒಂದೇ ಬೇರಿನ ಮರವಲ್ಲ. 1947ರ ಸೆಪ್ಟೆಂಬರ್ 27ರಂದು ಮದ್ರಾಸಿನ ಸೇಂಟ್ ಜಾರ್ಜ್ ಕ್ಯಾಥೆಡ್ರಲ್‌ನಲ್ಲಿ ಆಂಗ್ಲಿಕನ್, ಮೆಥಡಿಸ್ಟ್ ಮತ್ತು ಸೌತ್ ಇಂಡಿಯಾ ಯುನೈಟೆಡ್ ಚರ್ಚ್ ಸಭೆಗಳು ಒಂದಾದವು. ಸ್ವಾತಂತ್ರ್ಯ ಬಂದು ಆರು ವಾರ ಆಗಿತ್ತಷ್ಟೆ. ಯುನೈಟೆಡ್ ಚರ್ಚ್ ಅನ್ನುವುದೇ 1908ರಲ್ಲಿ ಪ್ರೆಸ್‌ಬಿಟೇರಿಯನ್ ಮತ್ತು ಕಾಂಗ್ರಿಗೇಷನಲ್ ಸಭೆಗಳು ಸೇರಿ ಆದದ್ದು.

ಮಾತುಕತೆ ಶುರುವಾದದ್ದು 1919ರಲ್ಲಿ, ತಮಿಳುನಾಡಿನ ತರಂಗಂಬಾಡಿಯಲ್ಲಿ. ಒಂದಾಗಲು 28 ವರ್ಷ ಹಿಡಿಯಿತು. ಯಾಕೆ ಅಷ್ಟು? ಸಭೆಯನ್ನು ಯಾರು ನಡೆಸಬೇಕು ಅನ್ನುವುದೇ ದೊಡ್ಡ ಗಂಟು. ಆಂಗ್ಲಿಕನರಿಗೆ ಬಿಷಪರಿಲ್ಲದ ಸಭೆ ಯೋಚಿಸಲಿಕ್ಕೂ ಆಗುತ್ತಿರಲಿಲ್ಲ. ಪ್ರೆಸ್‌ಬಿಟೇರಿಯನರಿಗೆ ಒಬ್ಬನ ಕೈಯಲ್ಲಿ ಅಧಿಕಾರ ಬೇಡ, ಸಭಾಪಾಲಕರೂ ಹಿರಿಯರೂ ಒಟ್ಟಿಗೆ ಕೂತು ತೀರ್ಮಾನ ಮಾಡಬೇಕು. ಕಾಂಗ್ರಿಗೇಷನಲ್ ಕಡೆಯವರಿಗೆ ಊರಿನ ಸಭೆಯೇ ದೊಡ್ಡದು, ಮೇಲಿನವರು ಕೈ ಹಾಕಬಾರದು.

ಕೊನೆಗೆ ಯಾರನ್ನೂ ಬಿಟ್ಟುಕೊಡದ ಹಾಗೆ ಮೂರನ್ನೂ ಹೊಲಿದರು. ಬಿಷಪರು ಇರುತ್ತಾರೆ, ಆದರೆ ಸಂವಿಧಾನದ ಒಳಗೆ. ಕೌನ್ಸಿಲ್‌ಗಳು ಇರುತ್ತವೆ, ಅಲ್ಲಿ ಸಾಮಾನ್ಯ ಸದಸ್ಯರಿಗೂ ವೋಟು. ಊರಿನ ಸಭೆಗೆ ತನ್ನದೇ ಕಮಿಟಿ, ತನ್ನದೇ ಲೆಕ್ಕ. ಬಿಷಪರಿರುವ ಸಭೆಯೂ ಇಲ್ಲದ ಸಭೆಯೂ ಹೀಗೆ ಒಂದಾದದ್ದನ್ನು ಆಗ ಲೋಕದ ಬೇರೆ ಬೇರೆ ಸಭೆಗಳು ಕಣ್ಣಿಟ್ಟು ನೋಡಿದವು. ಕೆಲವರು ಒಪ್ಪಲಿಲ್ಲ, ಹೊರಗೇ ಉಳಿದರು. ಆದರೂ ನಮ್ಮ ಹಿರಿಯರು ಧೈರ್ಯ ಮಾಡಿದರು. ನನಗೆ ಇದು ಇವತ್ತಿಗೂ ಹೆಮ್ಮೆಯ ವಿಷಯ.

ಶುರುವಿನಲ್ಲಿ 14 ಡಯಾಸಿಸ್ ಇದ್ದವು, ಸುಮಾರು 10 ಲಕ್ಷ ಜನ. ಈಗ 24 ಡಯಾಸಿಸ್.

ಬಾಸೆಲ್ ಮಿಶನ್ ಕಾಲದಲ್ಲಿ ಇದೆಲ್ಲ ಇರಲಿಲ್ಲವಾ?

ನಮ್ಮ ಕಡೆ ಹಳಬರು ಈಗಲೂ "ಬಾಸೆಲ್ ಮಿಶನ್ ಚರ್ಚು" ಅಂತಲೇ ಹೇಳುವುದು. 1834ರಲ್ಲಿ ಹೆಬಿಕ್, ಲೆಹ್ನರ್, ಗ್ರೈನರ್ ಅನ್ನುವ ಮೂವರು ಮಂಗಳೂರಿಗೆ ಬಂದರು. ಅವರನ್ನು ಕಳಿಸಿದ್ದು ಸ್ವಿಟ್ಜರ್ಲೆಂಡಿನ ಬಾಸೆಲ್ ಊರಿನ ಒಂದು ಕಮಿಟಿ. ಆ ಕಮಿಟಿಯ ಹಿಡಿತ ಎಷ್ಟಿತ್ತು ಅಂದರೆ, ಮಿಶನರಿಗೆ ಮದುವೆಯಾಗಬೇಕಿದ್ದರೂ ಅಲ್ಲಿಂದ ಒಪ್ಪಿಗೆ ಬರಬೇಕು. ಕಾಗದ ಹಡಗಿನಲ್ಲಿ ಹೋಗಬೇಕು, ಉತ್ತರ ಹಡಗಿನಲ್ಲಿ ಬರಬೇಕು. ಊರಿನ ಸಭೆಗಳಲ್ಲಿ ಹಿರಿಯರು ಇದ್ದರು, ಅವರ ಮಾತಿಗೆ ಬೆಲೆಯೂ ಇತ್ತು. ಆದರೆ ದೊಡ್ಡ ತೀರ್ಮಾನ ಕಡಲಿನಾಚೆಯದು.

ಮೊದಲನೇ ಮಹಾಯುದ್ಧ ಬಂದಾಗ ಜರ್ಮನ್ ಮಿಶನರಿಗಳನ್ನು ಬ್ರಿಟಿಷ್ ಸರಕಾರ ಹಿಡಿದು ಶಿಬಿರಗಳಲ್ಲಿ ಇಟ್ಟಿತು, ಆಮೇಲೆ ದೇಶದಿಂದ ಕಳಿಸಿತು. ಹಂಚಿನ ಕಾರ್ಖಾನೆಗಳೂ ಮಿಶನ್ ಕೈಬಿಟ್ಟು ಹೋದವು. ಸಭೆಗಳಿಗೆ ಅದು ಅನಾಥರಾದ ಹಾಗೆ. ಆ ಕಷ್ಟದಲ್ಲೇ ನಮ್ಮವರು ತಾವೇ ನಡೆಸುವುದನ್ನು ಕಲಿತರು. ಮಲಬಾರಿನ ಬಾಸೆಲ್ ಮಿಶನ್ ಸಭೆಗಳು ಯುನೈಟೆಡ್ ಚರ್ಚಿನ ಮೂಲಕ ಈ ಐಕ್ಯಕ್ಕೆ ಬಂದವು. ಬೇರೆ ಕಡೆಯವು ಬೇರೆ ಬೇರೆ ಹೊತ್ತಿನಲ್ಲಿ ಸೇರಿದವು.

ಬಾಸೆಲ್‌ನ ಕಾಗದಕ್ಕೆ ಕಾಯುತ್ತಿದ್ದವರ ಮೊಮ್ಮಕ್ಕಳು, ಮರಿಮಕ್ಕಳು ನಾವು. ಇವತ್ತು ವೋಟು ನಮ್ಮ ಕೈಯಲ್ಲೇ ಇದೆ.

ಮಾಡರೇಟರ್ ಅಂದರೆ ನಮಗೆ ಪೋಪರ ಹಾಗೆಯಾ?

ಅಲ್ಲ. ನೆರೆಯ ಕೊಂಕಣಿ ಕ್ಯಾಥೊಲಿಕರು ಇದನ್ನು ನನ್ನ ಹತ್ತಿರ ಎಷ್ಟೋ ಸಲ ಕೇಳಿದ್ದಾರೆ. ಅವರ ಬಿಷಪರನ್ನು ಪೋಪರು ನೇಮಿಸುತ್ತಾರೆ. ನಮ್ಮಲ್ಲಿ ಬಿಷಪರಲ್ಲೇ ಒಬ್ಬರನ್ನು ಸಿನೊಡ್ ವೋಟು ಹಾಕಿ ಮಾಡರೇಟರ್ ಮಾಡುತ್ತದೆ. ಅವಧಿ ಮುಗಿದ ಮೇಲೆ ಮತ್ತೆ ಚುನಾವಣೆ. ಮಾಡರೇಟರ್ ಆದರೂ ಅವರು ತಮ್ಮ ಡಯಾಸಿಸ್‌ನ ಬಿಷಪರಾಗಿಯೇ ಇರುತ್ತಾರೆ. ಅವರ ಜೊತೆಗೆ ಡೆಪ್ಯುಟಿ ಮಾಡರೇಟರ್, ಪ್ರಧಾನ ಕಾರ್ಯದರ್ಶಿ, ಖಜಾಂಚಿ ಇರುತ್ತಾರೆ.

ಮಾಡರೇಟರ್ ಅನ್ನುವ ಹೆಸರು ಬಂದದ್ದು ಪ್ರೆಸ್‌ಬಿಟೇರಿಯನ್ ಕಡೆಯಿಂದ. ಸ್ಕಾಟ್ಲೆಂಡಿನ ಸಭೆಗೆ 1560ರಿಂದ ಜನರಲ್ ಅಸೆಂಬ್ಲಿ ಇದೆ. ಅಲ್ಲಿ ಮಾಡರೇಟರ್ ಅಂದರೆ ಸಭೆಯನ್ನು ನಡೆಸಿಕೊಡುವವರು, ಈಗ ಒಂದೇ ವರ್ಷದ ಅವಧಿ. ಆಮೇಲೆ ಅವರು ತಮ್ಮ ಹಳೆಯ ಕೆಲಸಕ್ಕೆ. ನಮ್ಮಲ್ಲಿ ಮಾಡರೇಟರಿಗೆ ಅದಕ್ಕಿಂತ ಜಾಸ್ತಿ ಕೆಲಸವಿದೆ. ಹೊಸ ಬಿಷಪರ ಅಭಿಷೇಕ ಅವರದ್ದು. ಬಿಷಪರಿಲ್ಲದ ಡಯಾಸಿಸ್‌ಗೆ ತಮ್ಮ ಕಮಿಸರಿಯನ್ನು, ಅಂದರೆ ತಮ್ಮ ಪರವಾಗಿ ಅಲ್ಲಿಯ ಕೆಲಸ ನೋಡಿಕೊಳ್ಳುವವರನ್ನು, ನೇಮಿಸುವುದೂ ಅವರೇ.

ಇಂಗ್ಲೆಂಡಿನ ಆರ್ಚ್‌ಬಿಷಪರು ಮೇಲಧಿಕಾರಿಯಾ ಅಂತಲೂ ಕೆಲವರು ಕೇಳುತ್ತಾರೆ. ಇಲ್ಲ. ಗೌರವದ ಸಂಬಂಧ ಇದೆ, ಆಂಗ್ಲಿಕನ್ ಕೂಟದಲ್ಲಿ ನಾವೂ ಇದ್ದೇವೆ. ಆಜ್ಞೆ ಮಾಡುವ ಅಧಿಕಾರ ಅವರಿಗಿಲ್ಲ.

ನಮ್ಮ ಬಿಷಪರನ್ನು ಯಾರು ಆರಿಸುವುದು?

ಅರ್ಧ ಕೆಲಸ ನಾವು, ಇನ್ನರ್ಧ ಸಿನೊಡ್. ಡಯಾಸಿಸ್ ಕೌನ್ಸಿಲ್ ವೋಟು ಹಾಕಿ ಕೆಲವರ ಹೆಸರಿನ ಪ್ಯಾನೆಲ್ ಮಾಡುತ್ತದೆ. ಆ ಪ್ಯಾನೆಲ್‌ನಿಂದ ಒಬ್ಬರನ್ನು ಸಿನೊಡ್ ಕಡೆಯ ಆಯ್ಕೆ ಸಮಿತಿ ತೆಗೆದುಕೊಳ್ಳುತ್ತದೆ. ಹಾಗಾಗಿ ಅತಿ ಹೆಚ್ಚು ವೋಟು ಬಿದ್ದವರೇ ಬಿಷಪರಾಗಬೇಕು ಅಂತೇನಿಲ್ಲ. ಇದು ಗೊತ್ತಿಲ್ಲದೆ ಪ್ರತಿ ಸಲ ಜಗಳ ಆಗುತ್ತದೆ. "ನಮ್ಮವರಿಗೆ ವೋಟು ಜಾಸ್ತಿ ಇತ್ತಲ್ಲ, ಮೋಸ ಆಯ್ತು" ಅಂತ. ಡಯಾಸಿಸ್‌ನೊಳಗಿನ ಗುಂಪುಗಾರಿಕೆ ಮಾತ್ರವೇ ಬಿಷಪರನ್ನು ತೀರ್ಮಾನಿಸಬಾರದು ಅಂತ ಈ ಎರಡನೇ ಜರಡಿ. ಈ ಯೋಚನೆ ಒಳ್ಳೆಯದು ಅಂತಲೇ ನನ್ನ ಅಭಿಪ್ರಾಯ. ಆದರೆ ಆಯ್ಕೆ ಸಮಿತಿ ಯಾಕೆ ಒಬ್ಬರನ್ನು ಆರಿಸಿತು ಅಂತ ಸಭೆಗಳಿಗೆ ಎರಡು ಮಾತು ಹೇಳಿದರೆ ಅರ್ಧ ಜಗಳ ಕಡಿಮೆಯಾಗುತ್ತದೆ.

ಪಾಸ್ಟರೇಟಿಗೆ ಯಾವ ಸಭಾಪಾಲಕರು ಬರಬೇಕು ಅನ್ನುವುದು ಮಾತ್ರ ನಮ್ಮ ವೋಟಿನ ವಿಷಯವಲ್ಲ. ಅದು ಡಯಾಸಿಸ್‌ನ ವರ್ಗಾವಣೆ.

ನಾವು ಇರುವುದು ಕೇರಳದಲ್ಲಿ, ಮಾತು ಕನ್ನಡ, ತುಳು. ಡಯಾಸಿಸ್ ಗಡಿ ರಾಜ್ಯದ ಗಡಿಯ ಹಾಗೇ ಇರಬೇಕಾ?

ಇರಬೇಕು ಅಂತಿಲ್ಲ. 1956ರ ನವೆಂಬರ್ 1ರಂದು ಕಾಸರಗೋಡು ದಕ್ಷಿಣ ಕನ್ನಡ ಬಿಟ್ಟು ಕೇರಳಕ್ಕೆ ಹೋಯಿತು. ಸಭೆಗಳ ಗಡಿ ಸರಕಾರದ ಆದೇಶದಿಂದ ಬದಲಾಗುವುದಿಲ್ಲ. ಪಕ್ಕದಲ್ಲೇ ನೋಡಿ, ಬೇಳದ ಇಗರ್ಜಿ ಕೇರಳದಲ್ಲಿದ್ದರೂ ಮಂಗಳೂರು ಕ್ಯಾಥೊಲಿಕ್ ಧರ್ಮಪ್ರಾಂತ್ಯದ್ದು. ನಮ್ಮ ಸಿ.ಎಸ್.ಐ.ನಲ್ಲಿ ಇನ್ನೂ ದೊಡ್ಡ ಉದಾಹರಣೆ ಇದೆ. ಜಾಫ್ನಾ ಡಯಾಸಿಸ್ ಇರುವುದು ಶ್ರೀಲಂಕಾದಲ್ಲಿ, ಆದರೂ ಅದು ನಮ್ಮದೇ ಸಿನೊಡ್‌ನ ಒಳಗೆ.

ಹೊಸ ಡಯಾಸಿಸ್ ಮಾಡುವುದು, ಗಡಿ ಬದಲಿಸುವುದು ಸಿನೊಡ್‌ನ ಕೆಲಸ. ಹಳೆಯ ಮೈಸೂರು ಡಯಾಸಿಸ್ 1970ರಲ್ಲಿ ಮೂರಾಗಿ ಕರ್ನಾಟಕ ಮಧ್ಯ, ಉತ್ತರ, ದಕ್ಷಿಣ ಆದದ್ದು ಹಾಗೆಯೇ. ದಕ್ಷಿಣದ ಕೇಂದ್ರ ಮಂಗಳೂರಿನ ಬಲ್ಮಠ. ನಿಮ್ಮ ಪಾಸ್ಟರೇಟ್ ಯಾವ ಡಯಾಸಿಸ್‌ಗೆ ಸೇರಿದೆ ಅನ್ನುವುದನ್ನು ಮಕ್ಕಳಿಗೂ ಹೇಳಿಕೊಡಿ. ಎಷ್ಟೋ ಯುವಕರಿಗೆ ಅದೂ ಗೊತ್ತಿರುವುದಿಲ್ಲ.

ಸಿನೊಡ್‌ನಲ್ಲಿ ಕನ್ನಡಕ್ಕೆ ಜಾಗ ಇದೆಯಾ?

ಆರಾಧನೆಯಲ್ಲಿ ಇದೆ. 1950ರಲ್ಲಿ ಕರ್ತನ ಭೋಜನದ ಹೊಸ ಕ್ರಮ ಬಂತು, ಆಮೇಲೆ 1963ರಲ್ಲಿ ಇಡೀ ಆರಾಧನಾ ಪುಸ್ತಕ. ತಮಿಳು, ತೆಲುಗು, ಮಲಯಾಳದ ಹಾಗೆ ಕನ್ನಡದಲ್ಲೂ ಅದೇ ಕ್ರಮದಲ್ಲಿ ಪ್ರಾರ್ಥಿಸುತ್ತೇವೆ.

ಆಡಳಿತದಲ್ಲಿ ಕಷ್ಟ. ನಾಲ್ಕು ಭಾಷೆಯವರು ಕೂತಾಗ ಚರ್ಚೆ ಇಂಗ್ಲಿಷಿನಲ್ಲೇ ನಡೆಯುತ್ತದೆ, ಕಾಗದಪತ್ರವೂ ಇಂಗ್ಲಿಷಿನಲ್ಲಿ. ನಮ್ಮ ಕಾಸರಗೋಡಿನ ಸಂಗತಿ ಇನ್ನೂ ಬೇರೆ. ಅಜ್ಜಿ ಕನ್ನಡ ಬೈಬಲ್ ಓದುತ್ತಾರೆ, ಮನೆಯ ಮಾತು ತುಳು, ಮೊಮ್ಮಗ ಶಾಲೆಯಲ್ಲಿ ಮಲಯಾಳ ಬರೆಯುತ್ತಾನೆ. ಒಮ್ಮೆ ಇಂಗ್ಲಿಷ್ ವರದಿಯ ಒಂದು ಪ್ರತಿಯನ್ನು ನೋಟಿಸ್ ಬೋರ್ಡಿಗೆ ಪಿನ್ ಮಾಡಿದ್ದರು. ಎರಡು ತಿಂಗಳು ಅದು ಅಲ್ಲೇ ಇತ್ತು. ಮಳೆಗಾಲದ ತೇವಕ್ಕೆ ಹಾಳೆ ಸುರುಟಿ, ಪಿನ್ನಿನ ಸುತ್ತ ತುಕ್ಕು ಹಿಡಿದಿತ್ತು. ಯಾರೂ ಓದಲಿಲ್ಲ. ಅದರಲ್ಲಿ ಸಭಾಪಾಲಕರ ಪಿಂಚಣಿಯ ವಿಷಯ ಇತ್ತು, ಹೆಂಗಸರ ಕೂಟದ ವಿಷಯ ಇತ್ತು. ಅದನ್ನು ಕನ್ನಡಕ್ಕೆ ಎರಡು ಪುಟದಲ್ಲಿ ಬರೆದು ಆರಾಧನೆಯ ನಂತರ ಓದಿದಾಗ ಪ್ರಶ್ನೆ ಕೇಳಿದವರಲ್ಲಿ ಮೊದಲನೆಯವರು ಎಪ್ಪತ್ತು ದಾಟಿದ ಒಬ್ಬ ಅಮ್ಮ. ಅವತ್ತೇ ನನಗೆ ಅರ್ಥವಾದದ್ದು, ಜನರಿಗೆ ಆಸಕ್ತಿ ಇಲ್ಲ ಅನ್ನುವುದು ಸುಳ್ಳು. ಅವರ ಮಾತಿನಲ್ಲಿ ಅವರಿಗೆ ಹೇಳುವವರು ಇರಲಿಲ್ಲ, ಅಷ್ಟೆ.

ಹೆಂಗಸರಿಗೆ ಅವಕಾಶ ಹೇಗಿದೆ?

ಸಿ.ಎಸ್.ಐ.ನಲ್ಲಿ ಹೆಂಗಸರೂ ಸಭಾಪಾಲಕಿಯರಾಗಿ ದೀಕ್ಷೆ ಪಡೆಯುತ್ತಾರೆ. 2013ರ ಸೆಪ್ಟೆಂಬರಿನಲ್ಲಿ ಎಗ್ಗೋಣಿ ಪುಷ್ಪಲಲಿತಾ ಆಂಧ್ರದ ನಂದ್ಯಾಲ ಡಯಾಸಿಸ್‌ನ ಬಿಷಪರಾದರು, ಸಿ.ಎಸ್.ಐ.ನ ಮೊದಲ ಮಹಿಳಾ ಬಿಷಪ್. 1947ರಲ್ಲಿ ಐಕ್ಯಕ್ಕೆ ಸೇರದೆ ಹೊರಗೆ ಉಳಿದ ಆಂಗ್ಲಿಕನರು ಇದ್ದದ್ದು ಅದೇ ನಂದ್ಯಾಲ ಕಡೆ. ಅದೇ ಊರು ಈ ವಿಷಯದಲ್ಲಿ ಎಲ್ಲರಿಗಿಂತ ಮುಂದೆ ಬಂತು ಅನ್ನುವುದು ನನಗೆ ತುಂಬಾ ಇಷ್ಟವಾದ ಸಂಗತಿ.

ಕೌನ್ಸಿಲ್‌ಗಳಲ್ಲಿ ಹೆಂಗಸರಿಗೂ ಯುವಜನರಿಗೂ ಜಾಗ ಇಟ್ಟಿದ್ದಾರೆ. ಆದರೆ ಪಾಸ್ಟರೇಟಿನಲ್ಲಿ ಹೆಸರು ಸೂಚಿಸುವಾಗ "ಅವರಿಗೆ ಮನೆ ಕೆಲಸ ಇರ್ತದೆ" ಅಂತ ನಾವೇ ಬಿಟ್ಟುಬಿಡುತ್ತೇವೆ. ಅವರನ್ನೇ ಕೇಳಿ ಆಮೇಲೆ ತೀರ್ಮಾನ ಮಾಡೋಣ, ಅಲ್ವಾ?

ಸಿನೊಡ್ ತನಗೆ ಬೇಕಾದ ಹಾಗೆ ಸಂವಿಧಾನ ಬದಲಿಸಬಹುದಾ?

ಒಂದೇ ಬೈಠಕ್‌ನಲ್ಲಿ ಆಗುವುದಿಲ್ಲ. ಮೊದಲು ಸಿನೊಡ್‌ನಲ್ಲಿ ಮೂರರಲ್ಲಿ ಎರಡು ಪಾಲು ವೋಟು ಬೇಕು. ಆಮೇಲೆ ಅದು ಡಯಾಸಿಸ್ ಕೌನ್ಸಿಲ್‌ಗಳಿಗೆ ಕೆಳಗೆ ಬರುತ್ತದೆ. ಅಲ್ಲೂ ಮೂರರಲ್ಲಿ ಎರಡು ಪಾಲು ಡಯಾಸಿಸ್‌ಗಳು ಒಪ್ಪಬೇಕು. ಸ್ಕಾಟ್ಲೆಂಡಿನಲ್ಲೂ 1697ರಿಂದ ಇಂಥದೇ ಒಂದು ತಡೆಗೋಡೆಯ ಕಾಯಿದೆ ಇದೆ. ದೊಡ್ಡ ಬದಲಾವಣೆಯನ್ನು ಅಸೆಂಬ್ಲಿ ತಾನೇ ಮಾಡಿಬಿಡುವ ಹಾಗಿಲ್ಲ, ಕೆಳಗಿನ ಪ್ರೆಸ್‌ಬಿಟರಿಗಳನ್ನು (ಅಲ್ಲಿಯ ಪ್ರಾಂತ್ಯದ ಕೌನ್ಸಿಲ್‌ಗಳನ್ನು) ಕೇಳಲೇಬೇಕು.

ಈ ಕೆಳಗಿನ ಮೆಟ್ಟಿಲು ಎಷ್ಟು ಮುಖ್ಯ ಅನ್ನುವುದು ಈಚಿನ ವರ್ಷಗಳಲ್ಲಿ ಗೊತ್ತಾಯಿತು. ಬಿಷಪರ ನಿವೃತ್ತಿ ವಯಸ್ಸನ್ನು 67ರಿಂದ 70ಕ್ಕೆ ಏರಿಸುವ ತಿದ್ದುಪಡಿ ಮತ್ತು ಪದಾಧಿಕಾರಿಗಳ ಚುನಾವಣೆ ಕೋರ್ಟಿಗೆ ಹೋದವು. 2024ರಲ್ಲಿ ಮದ್ರಾಸ್ ಹೈಕೋರ್ಟ್ ಸಿನೊಡ್‌ನ ಆಡಳಿತ ನೋಡಿಕೊಳ್ಳಲು ಇಬ್ಬರು ನಿವೃತ್ತ ನ್ಯಾಯಮೂರ್ತಿಗಳನ್ನು ನೇಮಿಸಿತು. ನಮ್ಮ ಮನೆಯ ಕೆಲಸಕ್ಕೆ ಹೊರಗಿನವರು ಬರಬೇಕಾಯಿತು ಅಂತ ನನಗೆ ನೋವಾಯಿತು. ಕೌನ್ಸಿಲ್‌ಗೆ ತಿದ್ದುಪಡಿ ಬಂದಾಗ ಓದದೆ ಕೈ ಎತ್ತುವ ಅಭ್ಯಾಸ ನಮ್ಮಲ್ಲೂ ಇದೆ. ಅದು ಮೊದಲು ಹೋಗಬೇಕು.

ಚರ್ಚಿನ ಜಾಗ ಯಾರದ್ದು? ನಮ್ಮ ಅಜ್ಜನವರು ಕೊಟ್ಟದ್ದಲ್ಲವಾ?

ಕೊಟ್ಟದ್ದು ಅಜ್ಜನವರೇ ಇರಬಹುದು. ಆದರೆ ಸಿ.ಎಸ್.ಐ.ನ ಆಸ್ತಿ ಸಾಮಾನ್ಯವಾಗಿ ಸಿ.ಎಸ್.ಐ. ಟ್ರಸ್ಟ್ ಅಸೋಸಿಯೇಶನ್ ಹೆಸರಿನಲ್ಲಿ ಇರುತ್ತದೆ. ಅದು 1947ರಲ್ಲೇ ಕಂಪನಿ ಕಾಯಿದೆಯ ಕೆಳಗೆ ನೋಂದಣಿ ಆದದ್ದು. ಊರಿನ ಕಮಿಟಿ ತಾನಾಗಿ ಮಾರುವ ಹಾಗಿಲ್ಲ. ನಿಮ್ಮ ಸಭೆಯ ಜಾಗದ ಆಧಾರ, ತೆರಿಗೆ ರಶೀದಿ, ಸರ್ವೆ ನಂಬರ್ ಎಲ್ಲವೂ ಒಂದು ಫೈಲಿನಲ್ಲಿ ಇದೆಯಾ ಅಂತ ನೋಡಿಕೊಳ್ಳಿ. ನಮ್ಮಲ್ಲಿ ಹಳೆಯ ಕಾಗದ ಮಂಗಳೂರು ಕಾಲದ್ದು, ಹೊಸದು ಕೇರಳದ ವಿಲೇಜ್ ಆಫೀಸಿನದ್ದು. ಎರಡೂ ಹೊಂದಿಕೆಯಾಗಬೇಕು.

ನಾವು ಕೊಡುವ ಹಣ ಎಲ್ಲಿಗೆ ಹೋಗುತ್ತದೆ?

ಬೆಳೆ ಹಬ್ಬದ ಏಲಂ ನೆನಪು ಮಾಡಿಕೊಳ್ಳಿ. ತೆಂಗಿನಕಾಯಿ, ಅಡಿಕೆ, ಬಾಳೆಗೊನೆ, ಮನೆಯಲ್ಲಿ ಮಾಡಿದ ಉಪ್ಪಿನಕಾಯಿ ಎಲ್ಲ ಸಾಲಾಗಿ ಇಟ್ಟಿರುತ್ತಾರೆ. ಒಂದು ಪಪ್ಪಾಯಿಯನ್ನು ಒಬ್ಬರು ಕೊಂಡು ಮತ್ತೆ ಸಭೆಗೇ ಕೊಡುತ್ತಾರೆ, ಇನ್ನೊಬ್ಬರು ಮತ್ತೆ ಕೂಗುತ್ತಾರೆ. ಒಂದೇ ಹಣ್ಣು ನಾಲ್ಕು ಸಲ ಮಾರಾಟವಾಗುತ್ತದೆ. ಆ ಹಣ, ತಿಂಗಳ ಚಂದಾ, ಭಾನುವಾರದ ಕಾಣಿಕೆ, ಎಲ್ಲ ಸೇರಿ ಪಾಸ್ಟರೇಟಿನ ಲೆಕ್ಕ. ಅದರಿಂದ ಡಯಾಸಿಸ್‌ಗೆ ಅಸೆಸ್‌ಮೆಂಟ್, ಅಂದರೆ ನಮ್ಮ ಪಾಲಿನ ಹಣ, ಕಟ್ಟುತ್ತೇವೆ. ಡಯಾಸಿಸ್ ಸಿನೊಡ್‌ಗೆ ತನ್ನ ಪಾಲು ಕಟ್ಟುತ್ತದೆ. ಸಣ್ಣ ಸಭೆಗೂ ಸಭಾಪಾಲಕರು ಸಿಗುವುದು ಈ ಒಟ್ಟು ಹಣದಿಂದಲೇ. ಹತ್ತು ಮನೆಯ ಸಭೆ ತಾನೊಂದೇ ಸಂಬಳ ಕೊಡಲು ಸಾಧ್ಯವಾ? ಲೆಕ್ಕ ಕೇಳುವುದು ನಿಮ್ಮ ಹಕ್ಕು, ಆಡಿಟ್ ಆದ ಲೆಕ್ಕ ಮಹಾಸಭೆಯ ಮುಂದೆ ಬರಲೇಬೇಕು.

ವೋಟರ್ ಪಟ್ಟಿಯಲ್ಲಿ ನನ್ನ ಹೆಸರಿಲ್ಲ. ಏನು ಮಾಡಲಿ?

ನನಗೂ ಒಮ್ಮೆ ಹೀಗಾಗಿತ್ತು. ಕೆಲಸಕ್ಕೆ ಬೇರೆ ಊರಿಗೆ ಹೋಗಿದ್ದ ವರ್ಷ. ಚಂದಾ ಕೊಟ್ಟಿದ್ದೆ, ರಶೀದಿ ಬರೆಯಲಿಲ್ಲ. ಪಟ್ಟಿ ಅಂಟಿಸಿದಾಗ ನನ್ನ ಹೆಂಡತಿಯ ಹೆಸರಿತ್ತು, ನನ್ನದಿರಲಿಲ್ಲ. ಆಕ್ಷೇಪಣೆಗೆ ಕೊಟ್ಟ ದಿನವೂ ಮುಗಿದಿತ್ತು. ಆ ಸಲ ಹಿಂದಿನ ಬೆಂಚಿನಲ್ಲಿ ಕೂತು ಬೇರೆಯವರು ಚೀಟಿ ಹಾಕುವುದನ್ನು ನೋಡಿದೆ. ಹಾಗಾಗಿ ಹೇಳುತ್ತೇನೆ, ರಶೀದಿ ಕೈಗೆ ಬರುವವರೆಗೆ ಬಿಡಬೇಡಿ. ಪಟ್ಟಿ ಹಾಕಿದ ಭಾನುವಾರವೇ ನೋಡಿ. ತಪ್ಪಿದ್ದರೆ ಬಾಯಿ ಮಾತಿನಲ್ಲಿ ಹೇಳಿ ಸುಮ್ಮನಾಗಬೇಡಿ. ಸಭಾಪಾಲಕರಿಗೆ ಬರೆದು ಕೊಡಿ, ಒಂದು ಪ್ರತಿಗೆ ಸಹಿ ಹಾಕಿಸಿಕೊಳ್ಳಿ. ಗಲ್ಫ್‌ನಲ್ಲಿರುವ ಮಕ್ಕಳ ಹೆಸರು ಪಟ್ಟಿಯಲ್ಲಿ ಇರುತ್ತದೋ ಇಲ್ಲವೋ ಅನ್ನುವುದನ್ನು ಡಯಾಸಿಸ್ ನಿಯಮದಲ್ಲಿ ನೋಡಬೇಕು.

ಸೊಲ್ಲಾಪುರದಲ್ಲಿ ನಮ್ಮ ನೆಂಟರಿದ್ದಾರೆ. ಅವರಿಗೂ ಇದೇ ಸಿನೊಡಾ?

ಮಹಾರಾಷ್ಟ್ರದಲ್ಲಿ ಸಾಮಾನ್ಯವಾಗಿ ಸಿ.ಎನ್.ಐ., ಉತ್ತರ ಭಾರತ ಸಭೆ. ಅದು 1970ರ ನವೆಂಬರ್ 29ರಂದು ನಾಗಪುರದಲ್ಲಿ ಆರು ಸಭೆಗಳು ಸೇರಿ ಆದದ್ದು. ಅದಕ್ಕೂ ತನ್ನದೇ ಸಿನೊಡ್ ಇದೆ, ಕಚೇರಿ ದೆಹಲಿಯಲ್ಲಿ. ಎರಡೂ ಸಭೆಗಳ ನಡುವೆ ಒಡನಾಟ ಇದೆ. ನೆಂಟರ ಊರಿಗೆ ಹೋದಾಗ ಕರ್ತನ ಭೋಜನಕ್ಕೆ ಸೇರಲು ಸಂಕೋಚ ಬೇಡ.

ನಮ್ಮ ಪ್ರತಿನಿಧಿ ಕೌನ್ಸಿಲ್‌ನಿಂದ ವಾಪಸ್ ಬಂದ ಮೇಲೆ ಏನು ಕೇಳಬೇಕು?

ಯಾವ ಯಾವ ವಿಷಯ ಬಂತು, ಯಾವುದಕ್ಕೆ ವೋಟು ಆಯಿತು, ನೀವು ಯಾವ ಕಡೆ ಹಾಕಿದಿರಿ, ಯಾಕೆ. ಈ ನಾಲ್ಕು ಸಾಕು. ಹೋಗುವ ಮೊದಲೇ ಅಜೆಂಡಾ ತೋರಿಸಲು ಹೇಳಿದರೆ ಇನ್ನೂ ಒಳ್ಳೆಯದು. ನಾವು ಮಾಡಿದ್ದು ಇಷ್ಟು: ಕೌನ್ಸಿಲ್ ಮುಗಿದ ನಂತರದ ಭಾನುವಾರ, ಆರಾಧನೆ ಆದ ಮೇಲೆ ಅರ್ಧ ಗಂಟೆ, ಕನ್ನಡದಲ್ಲಿ ವರದಿ. ಮಲಯಾಳ ಮಾತ್ರ ಬರುವ ಸೊಸೆಯಂದಿರಿಗೆ ಪಕ್ಕದಲ್ಲಿ ಕೂತವರು ಹೇಳುತ್ತಾ ಹೋಗುತ್ತಾರೆ. ಚಹಾ ಮತ್ತು ಬನ್ಸ್ ಹೆಂಗಸರ ಕೂಟದವರದ್ದು. ಮೊದಲ ಸಲ ಹನ್ನೊಂದು ಜನ ಇದ್ದೆವು. ಈಗ ಹಾಲ್‌ನ ಬೆಂಚು ಸಾಲದೆ ಸಂಡೇ ಸ್ಕೂಲಿನ ಸಣ್ಣ ಬೆಂಚುಗಳನ್ನೂ ಒಳಗೆ ತರುತ್ತೇವೆ.